ಅತ್ತಿಮರದ ಅತ್ತಿ

ಹಾಲೇಶನಿಗೆ ದೆವ್ವ ಸಿಗುವುದಿಲ್ಲ ಎನ್ನುವುದು ಹೊಸಪೇಟೆಯಲ್ಲಿ ಎಲ್ಲರಿಗೂ ಗೊತ್ತಾಗಿಹೋಗಿತ್ತು. ಪಾಪ, ಪ್ರಯತ್ನಕ್ಕೇನೂ ಕೊರತೆಯಿರಲಿಲ್ಲ. ಕಾರ್ಖಾನೆಯಲ್ಲಿ ಮೀಟರು ರಿಪೇರಿ ಮಾಡುವ ಕೆಲಸ. ರಜೆ ಬಂತೆಂದರೆ ಕ್ಯಾಮೆರಾ, ರೆಕಾರ್ಡರು, ಕೆಂಪು ದೀಪ ಮಿನುಗುವ ಇನ್ನೊಂದು ಯಂತ್ರ, ಎಲ್ಲ ಬ್ಯಾಗಿಗೆ ತುಂಬಿಕೊಂಡು ದೆವ್ವದ ತನಿಖೆಗೆ ಹೊರಟೇಬಿಡುವನು. ಸಂಡೂರಿನಲ್ಲಿ ನರಳುತ್ತಿದ್ದ ಆತ್ಮ ಸಡಿಲವಾದ ತಗಡಿನ ಶೀಟಾಯಿತು. ಕಂಪ್ಲಿಯ ಕಬ್ಬಿನ ಗದ್ದೆಯ ಮೋಹಿನಿ ಯಾರದೋ ತಪ್ಪಿಸಿಕೊಂಡ ಎಮ್ಮೆಯಾಯಿತು. ಸುಳ್ಳು ಹೇಳುವ ಜಾಯಮಾನ ಅವನದಲ್ಲ, ಕಂಡದ್ದನ್ನು ಕಂಡ ಹಾಗೇ ಯೂಟ್ಯೂಬಿಗೆ ಹಾಕುತ್ತಿದ್ದ. "ಎಮ್ಮಿ ನೋಡಾಕ ನಿನ್ನ ಚಾನೆಲ್ ಯಾಕ ಬೇಕಲೇ?" ಎಂದು ನೋಡಿದವರು ಬೈದು ಬರೆಯುತ್ತಿದ್ದರು. ಜೀವಮಾನದಲ್ಲಿ ಒಂದೇ ಒಂದು ದೆವ್ವ ಸಿಕ್ಕಿದ್ದರೆ ಸಾಕಿತ್ತು ಅವನಿಗೆ.

ಅಷ್ಟರಲ್ಲಿ ಕಮಲಾಪುರದಿಂದ ಕಾಲುವೆ ಆಫೀಸಿನ ಭರಮಣ್ಣನ ಫೋನು ಬಂತು.

"ನಮ್ಮವ್ವ ಹೊಳೆಮ್ಮ ತೀರಿಕೊಂಡು ವರ್ಷ ಆಗಾಕ ಬಂತ್ರಿ. ಈಗ ಮಧ್ಯಾಹ್ನ ಆತಂದ್ರ ಮತ್ತ ಕುಟ್ಟಾಕ ಹತ್ಯಾಳ. ಆಕಿನ್ನ ಕಳಿಸಿಕೊಡ್ರಿ, ಇಲ್ಲಾಂದ್ರ ನಾ ಮನಿ ಖಾಲಿ ಮಾಡಿ ಡ್ಯಾಂ ಕ್ವಾರ್ಟರ್ಸಿಗೆ ಹೊಂಟೆ."

ಕುಟ್ಟುವುದೆಂದರೆ ಎಲೆ ಅಡಿಕೆ. ಹಲ್ಲಿಲ್ಲದ ಹೊಳೆಮ್ಮ ಊಟ ಮುಗಿಸಿ ಕಬ್ಬಿಣದ ಕುಟ್ಟಾಣಿ ಹಿಡಿದು ಕೂತರೆ ಇಡೀ ಓಣಿಗೆ ಕೇಳುತ್ತಿತ್ತು. ಪಕ್ಕದಲ್ಲೇ ಸೊಸೆ ಗಾಯತ್ರಿಯ ಹೊಲಿಗೆ ಮಿಷನ್. "ಮೆಲ್ಲಕ ಕುಟ್ರಿ ಅತ್ತಿ" ಎಂದು ಇವಳು, "ಮೊದಲ ನಿನ್ನ ಮಿಷನ್ ಬಂದ್ ಮಾಡು" ಎಂದು ಅವಳು. ದಿನ ಬೆಳಗಾದರೆ ಇದೇ ಜಗಳ. ಆ ಸೇಡು ತೀರಿಸಿಕೊಳ್ಳಲು ಅವ್ವ ಬಂದಿದ್ದಾಳೆಂದು ಭರಮಣ್ಣ ಹೆದರಿ ಅರ್ಧವಾಗಿದ್ದ.

ಗಾಯತ್ರಿಯ ಸಂಕಟ ಬೇರೆ. ಅವಳ ಗಿರಾಕಿಗಳೆಲ್ಲ ಈ ಓಣಿಯವರೇ. ಮನೆ ಬಿಟ್ಟರೆ ಹೊಲಿಗೆಯೂ ಹೋಯಿತು, ಗಳಿಸಿದ ಹೆಸರೂ ಹೋಯಿತು. ಸದ್ದು ಶುರುವಾದಾಗಿನಿಂದ ಮಧ್ಯಾಹ್ನ ಮಿಷನ್ ತುಳಿಯಲೂ ಅವಳಿಗೆ ಧೈರ್ಯವಿರಲಿಲ್ಲ.

ಹಾಲೇಶ ಬಂದು ಅವರ ಹಿತ್ತಲಿನಲ್ಲಿ ಯಂತ್ರಗಳನ್ನು ಹೂಡಿದ. ಬಿಸಿಲು ನೆತ್ತಿಗೇರಿತು. ಟುಕ್, ಟುಕ್, ಟುಕ್. ಅಂತೂ ಸಿಕ್ಕಿತಲ್ಲಪ್ಪಾ ಎಂದು ಅವನಿಗೆ ಖುಷಿಯೋ ಖುಷಿ.

"ಕಳಿಸೋ ಮಾತು ಮನಿಯವ್ರ ಬಾಯಿಂದನ ಬರಬೇಕ್ರಿ. 'ಹೋಗು' ಅಂತ ಗಟ್ಟಿಯಾಗಿ ಅಂದ್ರ ಸಾಕು," ಎಂದ.

"ಹೆತ್ತವ್ವಗ ನಾ ಹೆಂಗ ಅನ್ಲಿ?" ಎಂದು ಭರಮಣ್ಣ ಹಿತ್ತಲಿನ ಗೇಟಿನಾಚೆ ಹೋಗಿ ನಿಂತುಬಿಟ್ಟ. ಇಂಥ ಕೆಲಸ ಸೊಸೆಯ ಪಾಲಿಗೇ ಬರುವುದು ಲೋಕರೂಢಿ. ಗಾಯತ್ರಿ ಸೆರಗು ಬಿಗಿದು ಮುಂದೆ ಬಂದಳು.

ಹಾಲೇಶ ಸದ್ದು ಬಂದ ಕಡೆಗೆ ಕ್ಯಾಮೆರಾ ತಿರುಗಿಸಿದ. ಅತ್ತಿಮರದ ತುದಿಯಲ್ಲಿ ಕೆಂಪು ಹಣೆಯ ಪುಟ್ಟ ಹಸಿರು ಹಕ್ಕಿ, ಕಂಚುಕುಟಿಗ. ಒಂದೊಂದು ಟುಕ್‌ಗೂ ಒಂದೊಂದು ಸಲ ತಲೆ ಆಡಿಸುತ್ತಿತ್ತು. ಇದೂ ಎಮ್ಮೆಯೇ ಆಯಿತಲ್ಲ ಎಂದುಕೊಂಡ. ಹೇಳೋಣವೆಂದು ಬಾಯಿ ತೆರೆಯುವಷ್ಟರಲ್ಲಿ ಗಾಯತ್ರಿ ಕೈ ಮುಗಿದಾಗಿತ್ತು.

"ಅತ್ತಿ, ಭಾಳ ಜಗಳ ಆಡೀವಿ. ಹೊಟ್ಯಾಗ ಹಾಕ್ಕೊಳ್ರಿ. ಇನ್ನ..."

ಮಾತು ಅಲ್ಲೇ ನಿಂತಿತು. ಹೊಸ್ತಿಲು ದಾಟುವವರಿಗೆ ಬರೀ 'ಹೋಗು' ಎಂದ ನಾಲಗೆಯೇ ಅಲ್ಲ ಅದು. ಸಂತೆಗೆ ಹೊರಟ ಗಂಡನಿಗೂ, ಅಳತೆ ಕೊಟ್ಟು ಹೊರಟ ಗಿರಾಕಿಗೂ ಅವಳು ಅನ್ನುವುದು ಒಂದೇ.

"ಇನ್ನ... ಹೋಗಿ ಬರ್ರಿ, ಅತ್ತಿ."

ಹಕ್ಕಿಯೂ ಸುಮ್ಮನಾಯಿತು. ಹಾಲೇಶ ಹಣೆ ಚಚ್ಚಿಕೊಂಡ.

"ಅಕ್ಕಾರ, ಬರ್ರಿ ಅಂದುಬಿಟ್ರಲ್ಲ."

ಗಾಯತ್ರಿಗೆ ಆಗ ಹೊಳೆಯಿತು. ಬಾಯಿ ಮುಚ್ಚಿಕೊಂಡು ನಕ್ಕಳು, ನಗುತ್ತ ನಗುತ್ತ ಅತ್ತೇಬಿಟ್ಟಳು. "ಬರೀ ಹೋಗು ಅನ್ನಾಕ ಬಾಯಿ ಬರವಲ್ದ್ರಿ. ಆಕಿ ಹೋದ ಮ್ಯಾಲ ಮಧ್ಯಾಹ್ನ ಅಂದ್ರ ಭಣಭಣ ಅಂತೈತಿ. ಜಗಳ ಆಡಾಕಾದ್ರೂ ಮನ್ಯಾಗ ಒಬ್ರು ಬೇಕಲ್ಲ," ಎಂದು ಕಣ್ಣೊರೆಸಿಕೊಳ್ಳುತ್ತ ಒಳಗೆ ಹೋದಳು.

ಹಾಲೇಶ ಗೇಟಿನ ಬಳಿ ಬಂದು ಭರಮಣ್ಣನಿಗೆ ಕ್ಯಾಮೆರಾ ತೋರಿಸಿದ. "ನೋಡ್ರಿ ನಿಮ್ಮವ್ವನ್ನ. ಅತ್ತಿ ಹಣ್ಣು ತಿನ್ನಾಕ ಬಂದೈತಿ."

ಭರಮಣ್ಣ ಹಕ್ಕಿಯನ್ನು ನೋಡಿ ನಿಟ್ಟುಸಿರು ಬಿಟ್ಟ. "ಹಂಗಾದ್ರ ಮನಿ ಬಿಡೋದು ಬ್ಯಾಡ." ಆಮೇಲೆ ಬಾಗಿಲ ಕಡೆ ನೋಡಿದ. ಹೆಂಡತಿ ಅಂದದ್ದೆಲ್ಲ ಅವನ ಕಿವಿಗೂ ಬಿದ್ದಿತ್ತು. "ಅಣ್ಣಾರ, ಇದನ್ನ ಆಕಿಗೆ ಹೇಳಬ್ಯಾಡ್ರಿ. ಯೂಟ್ಯೂಬಿಗೂ ಹಾಕಬ್ಯಾಡ್ರಿ."

"ನಾ ಸುಳ್ಳು ಹೇಳಂಗಿಲ್ರಿ."

"ಸುಳ್ಳು ಹೇಳ್ರಿ ಅಂತ ಯಾರಂದ್ರು? ಸುಮ್ನಿರ್ರಿ ಅಷ್ಟ."

ಹಾಲೇಶ ವಿಡಿಯೋದ ಮೇಲೆ ಬೆರಳಿಟ್ಟುಕೊಂಡು ಯೋಚಿಸುತ್ತ ನಿಂತ. ಮರದಲ್ಲಿ ಮತ್ತೆ ಟುಕ್ ಟುಕ್ ಶುರುವಾಯಿತು. ಒಳಗೆ ಹೊಲಿಗೆ ಮಿಷನ್ ಗರ್ರೆಂದಿತು, ಅದರ ಮೇಲೆ ಗಾಯತ್ರಿಯ ದನಿ ಕೇಳಿತು.

"ಮೆಲ್ಲಕ ಕುಟ್ರಿ ಅತ್ತಿ, ಹೊಲಿಗಿ ತಪ್ಪತೈತಿ."

ಹಾಲೇಶ ವಿಡಿಯೋ ಅಳಿಸಿದ.