ಕೊನೆ ಭಾಗದ ನೀರು

ಬಟ್ಟಲು ಖಾಲಿಯಾಗಿದ್ದನ್ನು ಕಂಡು ಗೌಸ್‌ಸಾಬ್ ಮೂರು ದಿನ ನಿಶ್ಚಿಂತೆಯಿಂದ ಇದ್ದ. ಬೆಳಿಗ್ಗೆ ತುಂಬಿಸಿಟ್ಟ ಸ್ಟೀಲ್ ಬಟ್ಟಲು ಸಂಜೆಗೆ ತಳ ಕಾಣುತ್ತಿತ್ತು. ನಾಯಿ ನೀರು ಕುಡಿಯುತ್ತಿದೆ, ಮಸ್ಕಿಗೆ ಹೊಂದಿಕೊಳ್ಳುತ್ತಿದೆ ಅಂದುಕೊಂಡ. ನಾಲ್ಕನೆಯ ದಿನ ಬೆಳಿಗ್ಗೆ ಒಂಬತ್ತಕ್ಕೆ, ಏಪ್ರಿಲ್ ಕೊನೆಯ ಬಿಸಿಲು ಆಗಲೇ ಹಿತ್ತಲಿಗೆ ಇಳಿದಿದ್ದಾಗ, ಪಕ್ಕದ ಮನೆಯ ಆಡು ಬೇಲಿಯ ಬಿದಿರು ತಟ್ಟಿ ಸರಿಸಿಕೊಂಡು ಒಳಗೆ ಬಂದಿತು. ಬಟ್ಟಲಿನ ನೀರನ್ನು ಸೊರಸೊರನೆ ಕುಡಿದು, ಬಂದ ದಾರಿಯಲ್ಲೇ ಹೋಯಿತು. ಎರಡು ಮೊಳ ದೂರದಲ್ಲಿ ಗೇಜ್ಯಾ ಮಲಗಿತ್ತು. ಆಡನ್ನು ನೋಡಿತು, ಬೊಗಳಲಿಲ್ಲ.

ಗೇಜ್ಯಾ ಬೊಗಳದೆ ಬಿಡುವ ನಾಯಿಯೇ ಅಲ್ಲ. ಜವಳಗೇರಾದ ಹತ್ತಿರ ಕಾಲುವೆ ದಂಡೆಯಲ್ಲಿ, ನೀರಿನ ಮಟ್ಟ ಅಳೆಯುವ ಗೇಜ್ ಕಲ್ಲಿಗೆ ಒರಗಿಕೊಂಡು ಕುಂಯ್‌ಗುಡುತ್ತಿದ್ದ ಮರಿಯನ್ನು ಎತ್ತಿಕೊಂಡು ಬಂದು ಆರು ವರ್ಷ ಸಾಕಿದವನು ಗೌಸ್‌ಸಾಬ್. ಅವನದು ಸೌಡಿ ಕೆಲಸ. ತೂಬಿನ ಬಾಗಿಲು ಎತ್ತಿ ಇಳಿಸಿ ಹೊಲಹೊಲಕ್ಕೆ ಪಾಳಿಯಂತೆ ನೀರು ಬಿಡುವುದು. ಮೂವತ್ತೆರಡು ವರ್ಷ ಅದನ್ನೇ ಮಾಡಿದ. ಮಾರ್ಚ್ ಕೊನೆಗೆ ನಿವೃತ್ತಿಯಾಗಿ ಮಸ್ಕಿಯಲ್ಲಿ ಕಟ್ಟಿಸಿದ ಮನೆಗೆ ಬರುವಾಗ ನಾಯಿಯನ್ನು ಜೊತೆಯ ಸೌಡಿ ಗದ್ದೆಪ್ಪನಿಗೆ ಒಪ್ಪಿಸಿದ. ಗದ್ದೆಪ್ಪ ಒಳ್ಳೆಯವನು, ದಿನಾ ರೊಟ್ಟಿ ಹಾಕಿದ. ನೀರಿಡಬೇಕೆಂದು ಅವನಿಗೆ ಹೊಳೆಯಲೇ ಇಲ್ಲ. ಕಾಲುವೆ ದಂಡೆಯ ನಾಯಿಗೆ ಆ ಸೀಮೆಯಲ್ಲಿ ಯಾರೂ ನೀರಿಟ್ಟವರಲ್ಲ. ಅಷ್ಟು ದೊಡ್ಡ ಕಾಲುವೆ ಹರಿಯುತ್ತಿರುವಾಗ ಬಟ್ಟಲು ಹಿಡಿದುಕೊಂಡು ಹೋದರೆ ಜನ ನಕ್ಕಾರು.

ಏಪ್ರಿಲ್ ನಡುವೆ, ಪ್ರತಿ ಬೇಸಿಗೆಯಂತೆ, ಕಾಲುವೆ ಬಂದ್ ಆಯಿತು. ಹೇಗಿದೆಯೋ ನೋಡಿಬರೋಣ ಅಂತ ಗೌಸ್‌ಸಾಬ್ ಹೋದಾಗ ಗೇಜ್ಯಾ ಒಣಗಿದ ಗೇಜ್ ಕಲ್ಲಿನ ಬುಡದಲ್ಲಿ ಮಲಗಿತ್ತು. ಮುಚ್ಚಿದ ತೂಬಿನ ಸಂದಿಯಿಂದ ದಾರದಷ್ಟು ನೀರು ಸೋರುತ್ತಿತ್ತು, ಅದೂ ನಿಲ್ಲುವುದರಲ್ಲಿತ್ತು. ಟೆಂಪೋದಲ್ಲಿ ಹಾಕಿಕೊಂಡು ಮಸ್ಕಿಗೆ ತಂದ. ಹೆಂಡತಿ ಗುಲ್ಷನ್‌ಬೀ ಬಾಗಿಲಲ್ಲೇ ನಿಂತು ಷರತ್ತು ಹಾಕಿದಳು: ಹಿತ್ತಲಲ್ಲಿರಬೇಕು, ಅದರ ಬಟ್ಟಲು ಬೇರೆ ಇರಬೇಕು, ವಾರದಲ್ಲಿ ಒಗ್ಗದಿದ್ದರೆ ತಂದಲ್ಲಿಗೇ ಬಿಟ್ಟು ಬರಬೇಕು. ಗೌಸ್‌ಸಾಬ್ ಹೂಂ ಅಂದಿದ್ದ. ಒಗ್ಗದೆ ಏನು ಮಾಡೀತು ಎಂಬ ಧೈರ್ಯ.

ಈಗ ಆ ಧೈರ್ಯ ಎಲ್ಲಿ ಹೋಯಿತೋ. ನಾಯಿಯ ಮೂಗು ಸುಟ್ಟ ರೊಟ್ಟಿಯ ಅಂಚಿನಂತೆ ಒಣಗಿತ್ತು. ಗೌಸ್‌ಸಾಬ್ ಗಾಬರಿಯಲ್ಲಿ ಫ್ರಿಜ್ಜಿನ ಬಾಟಲಿ ತಂದು, ಗೇಜ್ಯಾನ ಬಾಯಿ ಅಗಲಿಸಿ, ಗಂಟಲಿಗೇ ಗಳಗಳ ಸುರಿದ. ನಾಯಿ ಕೆಮ್ಮಿತು, ಒದ್ದಾಡಿತು, ಕುಡಿದದ್ದನ್ನೆಲ್ಲ ಕಕ್ಕಿ ಅವನ ಲುಂಗಿ ತೋಯಿಸಿತು.

ಗುಲ್ಷನ್‌ಬೀ ಅಡುಗೆಮನೆ ಬಾಗಿಲಿಗೆ ಬಂದಳು. ಮನೆಯಲ್ಲಿ ಗಂಡ ಹೆಂಡತಿಯ ಮಾತು ದಖ್ಖನಿ ಉರ್ದುವಿನಲ್ಲೇ. ಆದರೆ ಆಕೆಗೆ ಸಿಟ್ಟು ಬಂದರೆ ಮಾತ್ರ ಕನ್ನಡ ಬರುತ್ತಿತ್ತು.

“ಕೆನಾಲ್ ನಾಯಿ ಊರಾಗ ಬಾಳಂಗಿಲ್ಲ ಅಂತ ಅವತ್ತೇ ಹೇಳಿದ್ನಿಲ್ಲ? ನೀವು ಯಾರ ಮಾತು ಕೇಳ್ತೀರಿ.”

“ಅಲ್ಲಿ ಬಿಟ್ಟು ಬಂದ್ರ ಏನು ಕುಡಿತೈತಿ ಇದು? ಮಣ್ಣು ಕುಡಿತೈತಿ?” ಅಂದ ಗೌಸ್‌ಸಾಬ್. ಆಮೇಲೆ ಮೆಲ್ಲಗೆ, “ನಾನೇ ಬಿಟ್ಟು ಬಂದಿದ್ದೆ ಒಮ್ಮೆ. ಇನ್ನೊಮ್ಮೆ ಬಿಡಂಗಿಲ್ಲ” ಅಂದ.

ಗದ್ದೆಪ್ಪನ ಮಗಳು ಅಂಬಿಕಾ ಲಿಂಗಸುಗೂರು ಕಡೆ ಪಶುವೈದ್ಯೆ. ಫೋನ್ ಹಚ್ಚಿದ. ಆಕೆ ಯಾವುದೋ ಹಳ್ಳಿಯಲ್ಲಿ ಎಮ್ಮೆಗಳಿಗೆ ಲಸಿಕೆ ಹಾಕುತ್ತಿದ್ದಳು, ಹಿಂದೆ ಎಮ್ಮೆಗಳದೇ ಗಲಾಟೆ ಕೇಳುತ್ತಿತ್ತು.

“ಕಾಕಾ, ಹೆಗಲಿನ ಮ್ಯಾಲಿನ ಚರ್ಮ ಚಿವುಟಿ ಎತ್ತಿ ಬಿಡ್ರಿ. ತಟ್ಟನೆ ಕೂಡತೈತೇನು ನೋಡ್ರಿ.”

ಚಿವುಟಿ ಬಿಟ್ಟ. ಚರ್ಮ ನಿಧಾನವಾಗಿ, ಮನಸ್ಸಿಲ್ಲದ ಮನಸ್ಸಿನಿಂದ ಇಳಿಯಿತು.

“ಒಸಡು ಮುಟ್ಟಿ ನೋಡ್ರಿ.”

“ಅಂಟಂಟು ಐತಿ.”

“ಎಬ್ಬಿಸಿದ್ರ ಏಳ್ತೈತೇನು?”

ಎಬ್ಬಿಸಿದ. ಎದ್ದು ನಾಲ್ಕು ಹೆಜ್ಜೆ ನಡೆದು ಮತ್ತೆ ಮಲಗಿತು. ಫ್ರಿಜ್ಜಿನ ನೀರು ಸುರಿದದ್ದನ್ನೂ, ಕಕ್ಕಿದ್ದನ್ನೂ ಗೌಸ್‌ಸಾಬ್ ಕಳ್ಳನಂತೆ ತಗ್ಗಿದ ದನಿಯಲ್ಲಿ ಒಪ್ಪಿಕೊಂಡ.

“ಒಣಗಿದ ಹೊಲಗಾಲುವಿಗೆ ಒಮ್ಮೆಗೇ ಪೂರಾ ತೂಬು ಎತ್ತಿದ್ರ ಏನಾಗ್ತೈತಿ, ಕಾಕಾ?”

“ಒಡ್ಡು ಒಡಿತೈತಿ.”

“ರೈತರಿಗೆ ಬೈತಿದ್ರಿ ನೀವು. ಈಗ ನೀವೇ ಮಾಡೀರಿ.” ಆಮೇಲೆ ಆಕೆ ಒಂದೊಂದಾಗಿ ಹೇಳಿದಳು. ದಿನಾ ರೊಟ್ಟಿಗೆ ಕಲಸಿ ಹಾಕಿದ ಮಜ್ಜಿಗೆ ಹೊಟ್ಟೆಗೆ ಹೋಗಿದ್ದರಿಂದ ಇದು ಇನ್ನೂ ಸಣ್ಣದರಲ್ಲಿದೆ, ಮನೆಯಲ್ಲೇ ಸುಧಾರಿಸಬಹುದು. ಮೊದಲು ನೆರಳಿಗೆ ತರಬೇಕು, ಹೊಟ್ಟೆಗೂ ಪಾದಕ್ಕೂ ಒದ್ದೆ ಬಟ್ಟೆ ಇಡಬೇಕು, ಮಂಜುಗಡ್ಡೆ ಬೇಡ. ಕಕ್ಕಿದ ಮೇಲೆ ಒಂದು ತಾಸು ಏನೂ ಕೊಡಬಾರದು. ಬಳಿಕ ಮಕ್ಕಳಿಗೆ ಭೇದಿಯಾದಾಗ ಕೊಡುವ ಓಆರ್‌ಎಸ್ ಪುಡಿಯನ್ನು ಪೊಟ್ಟಣದ ಮೇಲೆ ಬರೆದ ನೀರಿನ ಎರಡು ಪಟ್ಟು ನೀರಿನಲ್ಲಿ ಕಲಸಿ, ಸೂಜಿ ಇಲ್ಲದ ಸಿರಿಂಜಿನಿಂದ ದವಡೆಯ ಬದಿಗೆ, ಹತ್ತು ನಿಮಿಷಕ್ಕೊಮ್ಮೆ ಎರಡು ಚಮಚದಷ್ಟು.

“ನಾ ಐದಕ್ಕ ಬರ್ತೀನಿ. ನಡುವ ಮತ್ತ ಕಕ್ಕಿದ್ರ, ಏಳದಂಗ ಆದ್ರ, ನನಗ ಕಾಯಬ್ಯಾಡ್ರಿ, ಆಟೋದಾಗ ಹಾಕಿ ದವಾಖಾನಿಗೆ ಒಯ್ಯಿರಿ. ಮತ್ತ ಒಂದು ಮಾತು. ಸಿರಿಂಜಿನ್ಯಾಗ ಹಾಕಿದ್ದು ಬರೇ ಸಂಜೀತನಕ. ಅಷ್ಟೊತ್ತಿಗೆ ಅದು ತಾನಾಗೇ ಕುಡೀಬೇಕು. ಇಲ್ಲಂದ್ರ ಡ್ರಿಪ್ ಹಾಕಬೇಕಾಗ್ತೈತಿ.”

ಗೌಸ್‌ಸಾಬ್ ಪೆಟ್ಟಿಗೆ ತೆಗೆದು ಹಳೆಯ ಕೈಗಡಿಯಾರ ಕಟ್ಟಿಕೊಂಡ. ನಿವೃತ್ತಿಯಾದ ದಿನ ಬಿಚ್ಚಿಟ್ಟಿದ್ದನ್ನು ಇನ್ನೂ ಮುಟ್ಟಿರಲಿಲ್ಲ. ರಾತ್ರಿ ಎರಡಕ್ಕೆ ನೀರು ಕೇಳಿದ ರೈತನಿಗೂ ಹಗಲು ಎರಡಕ್ಕೆ ಕೇಳಿದವನಿಗೂ ಇದೇ ಗಡಿಯಾರ ನೋಡಿಯೇ ಪಾಳಿ ಕೊಟ್ಟವನು. ಔಷಧಿ ಅಂಗಡಿಗೆ ಹೋಗಿ ಬಂದ. ಹಿತ್ತಲಿನ ಜಾಲಿ ಮರದ ನೆರಳಿಗೆ ಗೋಣಿ ಹಾಸಿ ಗೇಜ್ಯಾನನ್ನು ಎತ್ತಿ ಮಲಗಿಸಿದ. ಸರಿಯಾಗಿ ಹತ್ತೂವರೆಗೆ ಮೊದಲ ಪಾಳಿ ಬಿಟ್ಟ. ಹತ್ತು ನಲವತ್ತಕ್ಕೆ ಎರಡನೆಯದು. ನಡುವೆ ನಾಯಿ ನಾಲಿಗೆ ಚಾಚಿದರೂ ಕೊಡಲಿಲ್ಲ.

“ಪಾಳಿ ಅಂದ್ರ ಪಾಳಿ, ಮಗನ” ಅಂದ. “ಗೌಡರ ಹೊಲಕ್ಕೂ ಹಿಂಗ ಬಿಟ್ಟೀನಿ.”

ಗುಲ್ಷನ್‌ಬೀ ಮಾಂಸದ ಸಾಲನ್‌ನ ರಸ ತಂದಳು. ಅದರಲ್ಲಿ ಈರುಳ್ಳಿ, ಮಸಾಲೆ ಇದೆಯೆಂದು ಹಿಂದಕ್ಕೆ ಕಳಿಸಿದ. ಆಕೆ ಮುಖ ಉಬ್ಬಿಸಿಕೊಂಡು ಹೋದಳು. ಅರ್ಧ ತಾಸಿಗೆ ಉಪ್ಪಿಲ್ಲದ ತೆಳ್ಳನೆಯ ಗಂಜಿ ತಂದಿಟ್ಟಳು.

ಎರಡು ಗಂಟೆಯವರೆಗೂ ನಾಯಿ ಮತ್ತೆ ಕಕ್ಕಲಿಲ್ಲ, ಕಣ್ಣು ತುಸು ತಿಳಿಯಾಗಿತ್ತು. ಒಮ್ಮೆ ಎದ್ದು ಗೋಡೆಗೆ ಕಾಲೆತ್ತಿತು. ಆದರೆ ತಾನಾಗಿ ಕುಡಿಯುವ ಮಾತಿಲ್ಲ. ಸ್ಟೀಲ್ ಬಟ್ಟಲು ಇಟ್ಟ, ಮೂಸಿ ಬಿಟ್ಟಿತು. ಮಣ್ಣಿನ ಬೋಗುಣಿ ಇಟ್ಟ, ಮೂಸಲೂ ಇಲ್ಲ. ಪ್ಲಾಸ್ಟಿಕ್ ಟಬ್ಬಿನಲ್ಲಿಟ್ಟ, ಅದರಲ್ಲಿ ಗಂಜಿಯನ್ನೂ ಬೆರೆಸಿ ನೋಡಿದ. ಬೇಡ. ಮೂರೂವರೆಯಾಯಿತು. ಗೌಸ್‌ಸಾಬ್ ಮತ್ತೆ ಮತ್ತೆ ಗಡಿಯಾರ ನೋಡಿದ. ಈ ಪ್ರಾಣಿ ಸತ್ತರೆ ತಾನು ಇನ್ನೊಂದು ನಾಯಿ ಸಾಕುವವನಲ್ಲ, ಗದ್ದೆಪ್ಪನಿಗೂ ಮುಖ ತೋರಿಸುವವನಲ್ಲ ಅಂತ ಅವನಿಗೆ ಗೊತ್ತಿತ್ತು.

ನಾಯಿ ಬಂದಾಗಿನಿಂದ ಪಾತ್ರೆಗಳನ್ನು ಒಳಗೇ ತೊಳೆಯುತ್ತಿದ್ದ ಗುಲ್ಷನ್‌ಬೀ ಆಗ ಮೊದಲ ಬಾರಿ ಹಿತ್ತಲ ನಲ್ಲಿ ತಿರುಗಿಸಿದಳು. ನೀರು ನೆಲಕ್ಕೆ ಹಾಸಿದ ಪರಸಿ ಕಲ್ಲಿನ ಮೇಲೆ ಬಿದ್ದು ಮೋರಿಯ ಕಡೆ ಹರಿಯಿತು. ಗೇಜ್ಯಾನ ಕಿವಿಗಳು ನೆಟ್ಟಗಾದವು. ಎದ್ದಿತು. ಕಾಲು ನಡುಗಿಸುತ್ತ ಸೀದಾ ಮೋರಿಗೆ ಹೋಗಿ ಸಾಬೂನಿನ ನೀರಿಗೆ ಬಾಯಿ ಹಾಕಿತು. ಗೌಸ್‌ಸಾಬ್ ಹಾರಿ ಕೊರಳು ಹಿಡಿದೆಳೆದ. ನಲ್ಲಿ ನಿಂತಿತು, ಹರಿವು ನಿಂತಿತು, ನಾಯಿಯ ಆಸೆಯೂ ನಿಂತಿತು.

ಗೌಸ್‌ಸಾಬ್ ಅಲ್ಲೇ ಕುಕ್ಕರಗಾಲಲ್ಲಿ ಕುಳಿತ. ತನಗೇ ಬೈದುಕೊಳ್ಳಬೇಕೆನಿಸಿತು. ಹುಟ್ಟಿದಾಗಿನಿಂದ ಇದು ತೂಬಿನ ಬಾಯಲ್ಲಿ ಹರಿಯುವ ನೀರು ಕುಡಿದದ್ದು, ಬೇಸಿಗೆಯಲ್ಲೂ ಸೋರುವ ತೂಬಿನದೇ. ಬಟ್ಟಲಿನಲ್ಲಿ ಸುಮ್ಮನೆ ನಿಂತ ನೀರು ಇದರ ಲೆಕ್ಕಕ್ಕೆ ನೀರೇ ಅಲ್ಲ. ತಾನೋ ಬಟ್ಟಲಿನ ತಳ ನೋಡಿ ಸಮಾಧಾನಪಟ್ಟುಕೊಂಡವನು, ನಾಯಿಯ ಬಾಯಿ ನೋಡಲಿಲ್ಲ. ಕೆಲಸದಲ್ಲೂ ಹೀಗೇ ಮಾಡಿದ್ದುಂಟು. ಸಂಜೆ ಫೋನಿನಲ್ಲಿ ಮೇಲಿನವರಿಗೆ ‘ಕೊನೀ ಭಾಗಕ್ಕ ನೀರು ಮುಟ್ಯಾವ್ರಿ’ ಅಂತ ಹೇಳುತ್ತಿದ್ದ. ತೂಬು ಎತ್ತಿದ್ದು ನಿಜ. ನೀರು ಕಾಲುವೆಯ ಕೊನೆಯ ಹೊಲ ಮುಟ್ಟಿತೋ ಇಲ್ಲವೋ, ಎಷ್ಟೋ ದಿನ ಸೈಕಲ್ ಹತ್ತಿ ಹೋಗಿ ನೋಡಿರಲಿಲ್ಲ.

“ಸಣ್ಣ ಕಾಲುವಿ ತೋಡ್ಬೇಕು ಇಲ್ಲಿ” ಅಂದ.

ಗುಲ್ಷನ್‌ಬೀ ಕೈಯಲ್ಲಿನ ಪಾತ್ರೆ ಕೆಳಗಿಟ್ಟಳು. ಹಿತ್ತಲ ತುಂಬ ಪರಸಿ ಕಲ್ಲು. ಮೂವತ್ತು ವರ್ಷ ಕಾಲುವೆ ಕ್ವಾರ್ಟರ್ಸಿನ ಕೆಸರಿನಲ್ಲಿ ಬಾಳಿದವಳು, ಹೊಸ ಮನೆಯಲ್ಲಿ ಬೇರೇನೂ ಕೇಳಿರಲಿಲ್ಲ. ಕಾಲಿಗೆ ಕೆಸರು ಹತ್ತದ ಹಿತ್ತಲು ಒಂದೇ. ದಿನಕ್ಕೆರಡು ಬಾರಿ ಗುಡಿಸುತ್ತಿದ್ದಳು. ಕಲ್ಲಿನ ಮೇಲೆ ಬಿಟ್ಟ ನೀರೆಲ್ಲ ಮೋರಿಯ ಹೊಲಸಿಗೇ ಸೇರುತ್ತಿತ್ತು, ಚೊಕ್ಕ ನೀರು ಬೇರೆ ಹರಿಯಬೇಕಾದರೆ ಕಲ್ಲು ಕೀಳಬೇಕು, ಅದು ಇಬ್ಬರಿಗೂ ಗೊತ್ತು.

ಆಕೆ ನಾಯಿಯನ್ನು ನೋಡಿದಳು. ಅದು ನಿಂತ ನಲ್ಲಿಯನ್ನೇ ನೋಡುತ್ತ ನಿಂತಿತ್ತು.

“ನಕ್ಕೋ ಜಿ, ಬೀಚ್ ಕಾ ಪತ್ಥರ್ ನಕ್ಕೋ” ಅಂದಳು, ದಖ್ಖನಿಯಲ್ಲಿ, ನಡುವಿನ ಕಲ್ಲು ಬೇಡ ಅಂತ. ಸಿಟ್ಟಿಲ್ಲ ಅಂತ ಅದರಿಂದಲೇ ಗೌಸ್‌ಸಾಬನಿಗೆ ತಿಳಿಯಿತು. ಆಮೇಲೆ ಒಳಗೆ ಹೋಗಿ ಹಾರೆ ತಂದು ಗೋಡೆಯ ಬದಿಯ ಸಾಲು ತೋರಿಸಿದಳು.

ನಾಲ್ಕು ಕಲ್ಲು ಕಿತ್ತ. ಕೆಳಗಿನ ಕರಿಮಣ್ಣು ಹಾರೆಯನ್ನೂ ವಾಪಸು ಒಗೆಯುವಷ್ಟು ಗಟ್ಟಿ. ಅರವತ್ತರ ತೋಳು ನೋಯಿತು, ಬಿಡಲಿಲ್ಲ. ನಲ್ಲಿಯ ಕೆಳಗಿನಿಂದ ಜಾಲಿಯ ಬುಡದವರೆಗೆ ಗೇಣಗಲದ ಕಾಲುವೆ ತೋಡಿ, ಸೀಳಿದ ಪ್ಲಾಸ್ಟಿಕ್ ಪೈಪು ಕೂಡಿಸಿದ. ಇಳಿಜಾರು ಕಣ್ಣಳತೆಯಲ್ಲೇ ಸರಿಮಾಡಿದ, ಅದು ಅವನಿಗೆ ಹೇಳಿಕೊಡಬೇಕಾದ ವಿದ್ಯೆಯಲ್ಲ. ನಲ್ಲಿಯ ಹತ್ತಿರ ಡಾಲ್ಡಾ ಡಬ್ಬಿಯ ಮುಚ್ಚಳ ನಿಲ್ಲಿಸಿ ತೂಬು ಮಾಡಿದ.

ನಾಲ್ಕು ಐವತ್ತಕ್ಕೆ ಗುಲ್ಷನ್‌ಬೀ ನಲ್ಲಿ ತಿರುಗಿಸಿದಳು. ಗೌಸ್‌ಸಾಬ್ ಮುಚ್ಚಳವನ್ನು ಎರಡೇ ಬೆರಳು ಎತ್ತಿದ. ನೀರು ಪೈಪಿನಲ್ಲಿ ಹರಿಯಿತು. ಈ ಸಲ ಅವನು ತೂಬಿನ ಹತ್ತಿರ ನಿಲ್ಲಲಿಲ್ಲ. ನೀರಿನ ಜೊತೆಗೇ ಜಾಲಿಯ ಬುಡದವರೆಗೆ ನಡೆದು ಬಂದು ಕೂತ.

ಗೇಜ್ಯಾ ಬಂತು. ಮೂಸಿತು. ಬಾಯಿ ಹಾಕಿತು. ಲಪಲಪ ಶಬ್ದಕ್ಕೆ ಗೌಸ್‌ಸಾಬ್ ಕಿವಿಗೊಟ್ಟ. ಹತ್ತು ಗುಟುಕು ಎಣಿಸಿ, ಸಾಕು ಅಂತ ಕೈ ಎತ್ತಿದ. ಗುಲ್ಷನ್‌ಬೀ ನಲ್ಲಿ ನಿಲ್ಲಿಸಿದಳು. ಹತ್ತು ನಿಮಿಷ ಕಾದು ಮತ್ತೆ ಬಿಟ್ಟರು. ಮತ್ತೆ ಕುಡಿಯಿತು, ಬಾಲ ಒಂದು ಸುತ್ತು ಅಲ್ಲಾಡಿತು.

ಅಷ್ಟರಲ್ಲಿ ಫೋನ್ ಬಂತು. ಅಂಬಿಕಾ ಬಸ್ ಇಳಿದಿದ್ದಳು, ಮನೆಯ ದಾರಿ ಕೇಳುತ್ತಿದ್ದಳು. “ನಾಯಿ ಹೆಂಗೈತಿ ಕಾಕಾ? ಡ್ರಿಪ್ ತಂದೀನಿ.”

ಗೌಸ್‌ಸಾಬ್ ಹೆಗಲ ಚರ್ಮ ಚಿವುಟಿ ಬಿಟ್ಟ. ತಟ್ಟನೆ ಕೂತಿತು. ನಾಯಿಯ ಗದ್ದದಿಂದ ನೀರು ಅವನ ಅಂಗೈಗೆ ತೊಟ್ಟಿಕ್ಕುತ್ತಿತ್ತು.

“ಕೊನೀ ಭಾಗಕ್ಕ ನೀರು ಮುಟ್ಯಾವಮ್ಮ” ಅಂದ. “ನಾ ಇಲ್ಲೇ ಕುಂತೀನಿ. ನೋಡಾಕತ್ತೀನಿ.”