ಅರವತ್ತನಾಲ್ಕನೆಯ ಕುರ್ಚಿ

ಮೂರನೆಯ ಜ್ಞಾಪನಾ ಪತ್ರವನ್ನು ಟೈಪು ಮಾಡಿ ಮುಗಿಸುವಷ್ಟರಲ್ಲಿ ಕಚೇರಿಗೆಲ್ಲ ಅಕ್ಕನಾದವಳಿಗೆ ಸೊಂಟ ಹಿಡಿದುಕೊಂಡಿತ್ತು. 'ಮಾನ್ಯರೇ, ತಾವು ಈಗ ಎಲ್ಲಿದ್ದೀರಿ, ಏನು ಮಾಡುತ್ತಿದ್ದೀರಿ ಎಂಬುದನ್ನು ಈ ಪತ್ರ ತಲುಪಿದ ಹತ್ತು ದಿನಗಳೊಳಗೆ ತಿಳಿಸತಕ್ಕದ್ದು' ಎಂದು ಬರೆದಿದ್ದಳು. ಮಾನ್ಯರು ಎಲ್ಲಿದ್ದಾರೆಂದು ಅವಳಿಗೆ ಚೆನ್ನಾಗಿಯೇ ಗೊತ್ತಿತ್ತು. ಕಾಲೇಜು ಕಚೇರಿಯಲ್ಲಿ, ಕಿಟಕಿಯಿಂದ ಮೂರನೆಯ ಮೇಜಿನಲ್ಲಿ. ಏನು ಮಾಡುತ್ತಿದ್ದಾರೆಂದೂ ಗೊತ್ತಿತ್ತು. ತಮಗೆ ತಾವೇ ಪತ್ರ ಬರೆದುಕೊಳ್ಳುತ್ತಿದ್ದರು.

ಇಂಥ ಎಡವಟ್ಟು ಬೇರೆ ಯಾವ ಕಾಲೇಜಿನಲ್ಲೂ ಆಗುವಂಥದ್ದಲ್ಲ. ಇಲ್ಲಿ ಆದದ್ದಕ್ಕೆ ಕಾರಣ ನೂರು ವರ್ಷಗಳ ಹಿಂದಿನ ಒಬ್ಬ ಮರದ ವ್ಯಾಪಾರಿ. ಆತ ಚಿಕ್ಕವನಿದ್ದಾಗ ಮೇಷ್ಟರು ಹೆಸರು ಕೇಳಿ, ಅಪ್ಪನ ಹೆಸರು ಕೇಳಿ, ಎರಡೂ ಕೇಳಿದ ಮೇಲೆ ಹಿಂದಿನ ಬೆಂಚಿಗೆ ಅಟ್ಟಿದ್ದರಂತೆ. ಆ ಬೆಂಚಿನ ಸಿಟ್ಟಿನಲ್ಲೇ ಮರದ ವ್ಯಾಪಾರಕ್ಕೆ ಇಳಿದು ಶ್ರೀಮಂತನಾದ ಆತ, ವರ್ಷಕ್ಕೆ ಒಬ್ಬರಿಗೆ ಸಿಗುವಂತೆ ಒಂದು ಸ್ಕಾಲರ್‌ಶಿಪ್ ಇಟ್ಟ. ದತ್ತಿಪತ್ರದಲ್ಲಿ ಬರೆಸಿದ: 'ಪಡೆದವರ ಹೆಸರನ್ನು ಎಲ್ಲಿಯೂ ದಾಖಲಿಸಕೂಡದು. ಏನು ಮಾಡುತ್ತಿದ್ದಾರೆಂದಷ್ಟೇ ಕೇಳತಕ್ಕದ್ದು.' ಹೀಗಾಗಿ ಪಡೆದವರಿಗೆಲ್ಲ ನಂಬರು. ರಿಜಿಸ್ಟರಿನಲ್ಲಿ ಒಬ್ಬೊಬ್ಬರಿಗೆ ಒಂದು ಪುಟ. ಮೇಲೆ ನಂಬರು, ಕೆಳಗೆ ವಿಳಾಸ. ಅವರು ಬದುಕಿರುವವರೆಗೆ ವರ್ಷಕ್ಕೊಂದು ಕಾರ್ಡಿನಲ್ಲಿ ಒಂದೇ ಒಂದು ಸಾಲು ಬರೆದು ಕಳಿಸಬೇಕು. ಕಾಲೇಜು ಅದನ್ನು ಆ ಪುಟಕ್ಕೆ ಅಂಟಿಸಬೇಕು.

ಕಾಲೇಜು ಎಂದರೆ ಅಕ್ಕ. ಮೂವತ್ತು ವರ್ಷಗಳಿಂದ ಅಂಟಿಸುತ್ತ ಬಂದಿದ್ದಳು. ನಂಟಿಗಿಂತ ಅಂಟೇ ಗಟ್ಟಿ ಎಂದು ನಂಬುವಷ್ಟು ಅಂಟಿಸಿದ್ದಳು. ಅರವತ್ತಮೂರರ ಪುಟದಲ್ಲಿ 'ನ್ಯಾಯಾಧೀಶನಾದೆ' ಎಂದಿತ್ತು. ಅರವತ್ತೈದರ ಪುಟದಲ್ಲಿ 'ಸಾವಿರನೆಯ ಹೃದಯ ಬಿಚ್ಚಿ ಮುಚ್ಚಿದೆ' ಎಂದಿತ್ತು. ಇಪ್ಪತ್ತೊಂಬತ್ತು ಎಂಬ ಎಂಬತ್ತೊಂಬತ್ತು ವರ್ಷದ ಕಲ್ಲುಬಂಡೆಗಳ ವಿಜ್ಞಾನಿ ಪ್ರತಿ ಕಾರ್ಡಿನಲ್ಲೂ 'ಬದುಕಿದ್ದೇನೆ' ಎಂದಷ್ಟೇ ಬರೆಯುತ್ತಿದ್ದರು. ಕಳೆದ ಸಲ 'ಇನ್ನೂ ಬದುಕಿದ್ದೇನೆ, ಕ್ಷಮಿಸಿ' ಎಂದಿದ್ದರು.

ಅರವತ್ತನಾಲ್ಕರ ಪುಟ ಮಾತ್ರ ತೊಳೆದಿಟ್ಟ ತಟ್ಟೆಯಂತೆ ಖಾಲಿ.

ಮೂವತ್ತಾರು ವರ್ಷಗಳ ಹಿಂದೆ ಗಣಿತದಲ್ಲಿ ಎಲ್ಲರನ್ನೂ ಹಿಂದೆ ಹಾಕಿ ಆ ನಂಬರು ಪಡೆದವಳು ಅಕ್ಕ. ಓದು ಮುಗಿದು, ದೂರದ ದೊಡ್ಡ ಸಂಸ್ಥೆಯೊಂದರಲ್ಲಿ ಸೀಟೂ ಸಿಕ್ಕಿ, ಪೆಟ್ಟಿಗೆ ಕಟ್ಟುವ ಹೊತ್ತಿಗೆ ಅಮ್ಮ ಮೆಟ್ಟಿಲಿನಿಂದ ಜಾರಿ ಸೊಂಟ ಮುರಿದುಕೊಂಡಳು. ಕಾಲೇಜು ಕಚೇರಿಯಲ್ಲಿ ಆರು ತಿಂಗಳ ಮಟ್ಟಿಗೆ ಒಂದು ತಾತ್ಕಾಲಿಕ ಕೆಲಸ ಖಾಲಿ ಇತ್ತು. ಆ ಆರು ತಿಂಗಳು ಇನ್ನೂ ಮುಗಿದಿರಲಿಲ್ಲ. ಸೇರಿದ ದಿನವೇ ಆಗಿನ ಸೂಪರಿಂಟೆಂಡೆಂಟು ಕಿವಿಯಲ್ಲಿ ಹೇಳಿದ್ದರು: "ನೀನು ಅರವತ್ನಾಲ್ಕು ಅಂತ ಯಾರಿಗೂ ಹೇಳ್ಬೇಡಮ್ಮ. ಆನೆ ಮೇಲೆ ಕೂರಿಸಿದ್ದು ಕುರಿ ಕಾಯೋದಕ್ಕಾ ಅಂತಾರೆ." ಅವರು ನಿವೃತ್ತರಾದರು, ತೀರಿಕೊಂಡರು. ಮಾತು ಮಾತ್ರ ಕಚೇರಿಯಲ್ಲಿ ಕಾಯಂ ಆಯಿತು.

ಈಗ ನೂರನೆಯ ವರ್ಷ. ಶತಮಾನೋತ್ಸವಕ್ಕೆ ಸಭಾಂಗಣದಲ್ಲಿ ನೂರು ಕುರ್ಚಿ, ಗೋಡೆಗೆ ಹಿತ್ತಾಳೆಯ ಫಲಕ, ಫಲಕದಲ್ಲಿ ನೂರು ನಂಬರು, ಪ್ರತಿ ನಂಬರಿನ ಮುಂದೆ ಒಂದು ಉತ್ತರ ಆಗಬೇಕಿತ್ತು. 'ಏನು ಮಾಡುತ್ತಿದ್ದೀರಿ' ಎಂಬ ಹಳೆಯ ಪ್ರಶ್ನೆ ಉದ್ದವಾಯಿತೆಂದು ಪ್ರಿನ್ಸಿಪಾಲರು ಅದನ್ನು ಕತ್ತರಿಸಿ 'ಹುದ್ದೆ' ಎಂದು ಮಾಡಿಸಿದ್ದರು. ಪ್ರಿನ್ಸಿಪಾಲರಿಗೆ ಕಚೇರಿಯಲ್ಲಿ ಸುತ್ತೋಲೆ ಸಾಹೇಬರೆಂದು ಹೆಸರು. ಅಂಗಳದಲ್ಲಿ ಎಲೆ ಅಲುಗಿದರೂ ಓಲೆ ಬರುತ್ತಿತ್ತು. ಮೂರನೆಯ ಪತ್ರದ ಹತ್ತು ದಿನ ಕಳೆದ ಮೇಲೆ ಅವರು ಅಕ್ಕನನ್ನು ಒಳಗೆ ಕರೆಸಿದರು.

"ಸಿಕ್ಕಿದ್ರಾ ಮೇಡಂ, ಅರವತ್ನಾಲ್ಕು?"

"ಪತ್ರ ಹೋಗಿದೆ ಸಾರ್."

"ಮೂರು ಸಲ ಹೋಗಿದೆ, ಮೂರಕ್ಕೂ ನಾನೇ ಸಹಿ ಹಾಕಿದೀನಿ. ವಾಪಸ್ಸಾದ್ರೂ ಬಂತಾ?"

"ಇಲ್ಲ. ತಲುಪಿದೆ ಅನ್ಸುತ್ತೆ."

"ತಲುಪಿಯೂ ಉತ್ತರ ಕೊಡದೋರು ಎರಡೇ ಥರ. ಒಂದೋ ತುಂಬ ದೊಡ್ಡೋರು, ಇಲ್ಲಾ ಸತ್ತೋರು."

"ಮೂರನೇ ಥರಾನೂ ಇರ್ತಾರೆ ಸಾರ್."

"ಯಾರು?"

"ಸುಸ್ತಾದೋರು."

ಸಾಹೇಬರು ಅದನ್ನು ಗಮನಿಸಲಿಲ್ಲ. ಕುರ್ಚಿಯ ಸುತ್ತ ಒಂದು ಸುತ್ತು ಹಾಕಿದರು. "ಜಾಗ ಖಾಲಿ ಬಿಟ್ರೆ ಫಲಕ ಹಲ್ಲು ಬಿದ್ದ ಬಾಯಿ ಥರ ಕಾಣುತ್ತೆ. ಕೈಬಿಟ್ರೆ ತೊಂಬತ್ತೊಂಬತ್ತಾಗುತ್ತೆ. ತೊಂಬತ್ತೊಂಬತ್ತಕ್ಕೆ ಯಾರಾದ್ರೂ ಶತಮಾನೋತ್ಸವ ಮಾಡ್ತಾರಾ? ದಿವಂಗತ ಅಂತ ಹಾಕ್ಬಿಡಿ."

"ಗೊತ್ತಿಲ್ದೆ ಹೇಗೆ ಸಾರ್ ಸಾಯಿಸೋದು?"

"ಸತ್ತಿದ್ರೆ ಜಗಳಕ್ಕೆ ಬರಲ್ಲ. ಜಗಳಕ್ಕೆ ಬಂದ್ರೆ ಸಿಕ್ಕಿದ ಹಾಗಾಯ್ತಲ್ಲ! ಎರಡೂ ಕಡೆಯಿಂದ ನಮಗೇ ಲಾಭ. ಇವತ್ತೇ ಕೆತ್ತೋನಿಗೆ ಕಳಿಸಿ."

ಅಕ್ಕ ಮೇಜಿಗೆ ಬಂದು ಕುಳಿತಳು. ನಿಜ ಹೇಳಬೇಕಾದರೆ ಎಷ್ಟು ವಾಕ್ಯ ಬೇಕಾದೀತು ಎಂದು ಮನಸ್ಸಿನಲ್ಲೇ ಎಣಿಸಿದಳು. ಎಷ್ಟು ಕತ್ತರಿಸಿದರೂ ಹನ್ನೆರಡಕ್ಕಿಂತ ಕಡಿಮೆಯಾಗಲಿಲ್ಲ. ಆಮೇಲೆ ಅವರ ಪ್ರಶ್ನೆಗಳು. ಪ್ರಶ್ನೆಗಳಾದ ಮೇಲೆ 'ಅಯ್ಯೋ ಪಾಪ'. ಆಮೇಲೆ ಫಲಕದಲ್ಲಿ ನ್ಯಾಯಕ್ಕೂ ಹೃದಯಕ್ಕೂ ನಡುವೆ ಒಂದು 'ಗುಮಾಸ್ತೆ'. ದಿವಂಗತ ಎಂದರೆ ಒಂದೇ ಪದ. ಟೈಪು ಮಾಡಿದಳು. ಕಾಗುಣಿತ ತಪ್ಪಿಲ್ಲವೆಂದು ಎರಡು ಸಲ ನೋಡಿ ಕಳಿಸಿದಳು.

ಮನೆ ಎರಡನೆಯ ಮಹಡಿಯಲ್ಲಿತ್ತು. ಅಮ್ಮ ಜಾರಿದ ಅದೇ ಮೆಟ್ಟಿಲು. ಅಕ್ಕ ಮಧ್ಯದಲ್ಲೊಮ್ಮೆ ನಿಂತು ಉಸಿರು ತೆಗೆದುಕೊಂಡು ಹತ್ತಿದಳು. ಬಾಗಿಲ ಸದ್ದಾಗುತ್ತಲೇ ಕಿಟಕಿ ಬಳಿಯ ಕುರ್ಚಿಯಿಂದ ಅಮ್ಮನ ದನಿ ಬಂತು.

"ಬಂದ್ರಾ, ಮಾನ್ಯರೇ?"

ಮೊದಲ ಪತ್ರ ಮನೆಗೆ ಬಂದ ದಿನದಿಂದ ಅಮ್ಮ ಮಗಳನ್ನು ಹಾಗೇ ಕರೆಯುತ್ತಿದ್ದಳು. ಮೂರೂ ಲಕೋಟೆಗಳನ್ನು ದಿಂಬಿನಡಿ ಇಟ್ಟುಕೊಂಡು, ಬೇಸರವಾದಾಗ ತೆಗೆದು ಗಟ್ಟಿಯಾಗಿ ಓದುತ್ತಿದ್ದಳು. ಎಂಬತ್ತೊಂದರ ವಯಸ್ಸಿನಲ್ಲಿ ಅವಳಿಗೆ ಮನರಂಜನೆ ಅಷ್ಟೇ ಇತ್ತು.

"ಇನ್ನು ಪತ್ರ ಬರಲ್ಲಮ್ಮ," ಎಂದಳು ಅಕ್ಕ, ಚಪ್ಪಲಿ ಬಿಡುತ್ತ. "ನಾನು ಸತ್ತೆ."

"ಯಾವಾಗ?"

"ಮಧ್ಯಾಹ್ನ. ಊಟ ಆದ್ಮೇಲೆ."

"ಊಟ ಮಾಡಿದೆ ತಾನೆ, ಸದ್ಯ." ಅಮ್ಮ ಕೋಲನ್ನು ನೆಲಕ್ಕೆ ಕುಟ್ಟಿದಳು. "ಅಲ್ಲ ಕಣೆ, ಸಾಲಲ್ಲಿ ಮುಂದೆ ನಿಂತಿರೋಳು ನಾನು. ನನ್ನ ಕೇಳ್ದೆ ಹೇಗೆ ನುಗ್ಗಿದೆ ನೀನು?"

ಅಕ್ಕ ನಗಲು ನೋಡಿದಳು. ಆಗಲಿಲ್ಲ. ನಡೆದದ್ದನ್ನು ಹೇಳಿದಳು. ಅಮ್ಮ ಈ ಸಲ ತಮಾಷೆ ಮಾಡಲಿಲ್ಲ.

"ಅರವತ್ನಾಲ್ಕು ವಿದ್ಯೆ ಕಲಿತವಳು ನನ್ನ ಮಗಳು ಅಂತ ಬೀದಿಗೆಲ್ಲ ಹೇಳ್ಕೊಂಡು ತಿರುಗಿದ್ದೆ ನಾನು. ಸೊಂಟ ಮುರ್ಕೊಂಡಿದ್ದೂ ನಾನೇ. ನಾಚಿಕೆ ಪಡೋದಾದ್ರೆ ಆ ಮೆಟ್ಟಿಲು ಪಡ್ಲಿ. ನಿಂಗ್ಯಾತಕ್ಕೆ?"

"ನಾಚಿಕೆ ಅಲ್ಲಮ್ಮ. ಸುಸ್ತು."

"ಮೂವತ್ತು ವರ್ಷ ನಾಚಿಕೆ ಹೊತ್ಕೊಂಡು ಓಡಾಡಿದ್ರೆ ಸುಸ್ತಾಗಲ್ವೇನೆ?"

ಅಕ್ಕ ಒಲೆ ಹಚ್ಚಲು ಹೋದಳು.

ಸಮಾರಂಭದ ದಿನ ಬೆಳಿಗ್ಗೆ ಆರಕ್ಕೇ ಅವಳು ಸಭಾಂಗಣದಲ್ಲಿದ್ದಳು. ನೂರು ಕುರ್ಚಿ, ನೂರು ನಂಬರು ಚೀಟಿ. ಪಡೆದವರಲ್ಲಿ ತೀರಿಹೋದವರ ಕುರ್ಚಿಗೆ ಬಿಳಿ ಬಟ್ಟೆ ಹೊದಿಸಬೇಕು. ನಲವತ್ತೆಂಟು ಕುರ್ಚಿಗೆ ಹೊದಿಸಿದಳು. ಅದರಲ್ಲೇ ಒಂದಾದ ಅರವತ್ತನಾಲ್ಕಕ್ಕೂ ತನ್ನ ಕೈಯಾರೆ ಹೊದಿಸಿ, ಅಂಚಿನ ಸುಕ್ಕು ಸರಿ ಮಾಡಿದಳು. ಕಾಲೇಜಿನ ಗಂಟೆ ಬಾರಿಸುವ ಅಟೆಂಡರು, ಎಲ್ಲರ ಬಾಯಲ್ಲಿ ಗಂಟೆಯಣ್ಣ, ನೀರಿನ ಜಗ್ಗು ಹಿಡಿದು ಹಿಂದೆಯೇ ಓಡಾಡುತ್ತಿದ್ದ.

"ಒಂದು ಗಳಿಗೆ ಕೂತ್ಕೊಳಿ ಅಕ್ಕ. ಕಾಲು ನೋಡಿ, ಹೇಗೆ ಊದಿದೆ."

"ಎಲ್ಲಿ ಕೂತ್ಕೊಳ್ಳೋದಣ್ಣ, ಇರೋವೆಲ್ಲ ಅವರಿವರದ್ದೇ ಕುರ್ಚಿ."

ಹತ್ತಕ್ಕೆ ನಂಬರುಗಳು ಬರತೊಡಗಿದವು. "ಏನಯ್ಯಾ ಎಪ್ಪತ್ತೆರಡು, ಬೊಕ್ಕತಲೆ ಆಗೋಯ್ತಲ್ಲ!" "ನಲವತ್ತಕ್ಕ, ನೀವು ಹಾಗೇ ಇದೀರಿ ಬಿಡಿ!" ಎಂದು ಒಬ್ಬರನ್ನೊಬ್ಬರು ತಬ್ಬಿಕೊಂಡರು. ಕೋಲೂರಿಕೊಂಡು ಇಪ್ಪತ್ತೊಂಬತ್ತು ಬಂದರು. ಅಕ್ಕ ಕೈ ಹಿಡಿದು ಕೂರಿಸಿದಳು.

"ನನ್ನ ಕಾರ್ಡು ಯಾರಮ್ಮ ಓದೋದು ಇಲ್ಲಿ?"

"ನಾನೇ ಸಾರ್. ಓದಿ ಅಂಟಿಸ್ತೀನಿ."

ಮುದುಕರು ಅವಳ ಕೈ ಬಿಡಲಿಲ್ಲ. "ಹಾಗಾದ್ರೆ ಅದು ನೀವೇ. ಒಂದು ವರ್ಷ ನಾನು ಕಾರ್ಡು ಹಾಕಿರಲಿಲ್ಲ. ಇಲ್ಲಿಂದ ಕಾಗದ ಬಂತು, 'ಕಾರ್ಡು ಬರಲಿಲ್ಲ, ಚೆನ್ನಾಗಿದ್ದೀರಿ ತಾನೆ?' ಅಂತ. ಆ ವರ್ಷ ನನ್ನ ಹೆಂಡತಿ ಹೋಗಿದ್ಲು. ಮಕ್ಕಳು ಆಸ್ತಿ ಏನಾಯ್ತು ಅಂತ ಕೇಳಿದ್ರು. ಚೆನ್ನಾಗಿದೀರಾ ಅಂತ ಕೇಳಿದ್ದು ಈ ಕಚೇರಿ ಒಂದೇ." ಅವರ ಕಣ್ಣು ಬಿಳಿ ಬಟ್ಟೆಗಳ ಸಾಲಿನ ಮೇಲೆ ಹರಿಯಿತು. "ಅರವತ್ನಾಲ್ಕೂ ಹೋಯ್ತಾ? ಚಿಕ್ಕ ವಯಸ್ಸು ಇರ್ಬೇಕು. ಅವರನ್ನೂ ಹಾಗೇ ಕೇಳಿದ್ರಾ?"

"ಇಲ್ಲ ಸಾರ್," ಎಂದಳು ಅಕ್ಕ. "ಅವರಿಗೆ 'ತಿಳಿಸತಕ್ಕದ್ದು' ಅಂತ ಬರೆದೆ."

"ಪಾಪ," ಎಂದರು ಮುದುಕರು.

ಸುತ್ತೋಲೆ ಸಾಹೇಬರು ಸ್ವಾಗತ ಭಾಷಣ ಶುರು ಮಾಡಿದರು. ಮಾತು ಮರದ ವ್ಯಾಪಾರಿಯಿಂದ ಹೊರಟು, ಹಿತ್ತಾಳೆಯ ಫಲಕವನ್ನು ಸುತ್ತಿ, ಮತ್ತೆ ಮರದ ವ್ಯಾಪಾರಿಗೇ ಬಂದು, ಇಳಿಯುವ ನಿಲ್ದಾಣ ಮರೆತ ಬಸ್ಸಿನಂತೆ ಓಡುತ್ತಲೇ ಇತ್ತು. ಅಕ್ಕ ಕಂಬಕ್ಕೆ ಒರಗಿ ನಿಂತಿದ್ದಳು. ಪಾದದಿಂದ ಎದ್ದ ನೋವು ಮಂಡಿ ದಾಟಿ ಸೊಂಟಕ್ಕೆ ಬಂದಿತ್ತು. ಮುಕ್ಕಾಲು ಗಂಟೆ ಕಳೆಯಿತು. ಕಂಬದ ಪಕ್ಕದಲ್ಲೇ ಬಿಳಿ ಬಟ್ಟೆ ಹೊದ್ದ ಒಂದು ಕುರ್ಚಿ ಸುಮ್ಮನೆ ಕಾಯುತ್ತಿತ್ತು. ಅವಳು ಯಾವ ತೀರ್ಮಾನವನ್ನೂ ಮಾಡಲಿಲ್ಲ. ಬಟ್ಟೆ ಎತ್ತಿ, ಅಭ್ಯಾಸಬಲದಿಂದ ನಾಲ್ಕು ಮಡಿಕೆ ಮಡಿಚಿ, ತೊಡೆಯ ಮೇಲಿಟ್ಟುಕೊಂಡು ಕುಳಿತಳು. ಕುಳಿತ ಮೇಲೆ ಮೂವತ್ತು ವರ್ಷದ ಉಸಿರೊಂದು ತಾನಾಗಿ ಹೊರಬಿತ್ತು.

ಭಾಷಣ ಮುಗಿದು ಹಾಜರಿ ಶುರುವಾಯಿತು. ಗಂಟೆಯಣ್ಣ ಪ್ರತಿ ನಂಬರಿಗೂ ಒಂದು ಗಂಟೆ ಹೊಡೆಯಬೇಕು. ಬದುಕಿದ್ದವರು ಎದ್ದು ನಿಂತು ತಮ್ಮ ನಂಬರು, ತಮ್ಮ ಸಾಲು ಹೇಳಬೇಕು. ಇಲ್ಲದವರಿಗೆ ಬರೀ ಗಂಟೆ, ಮೌನ. ಇಪ್ಪತ್ತೊಂಬತ್ತು ಎದ್ದು "ಬದುಕಿದೀನಿ" ಎಂದಾಗ ಎಲ್ಲರೂ ಚಪ್ಪಾಳೆ ತಟ್ಟಿದರು. ಅರವತ್ತಮೂರು ನ್ಯಾಯ ಹೇಳಿ ಕುಳಿತರು. ಮುಂದಿನ ಗಂಟೆ ಮೊಳಗಿತು. ಸಾಹೇಬರು ಮೌನಕ್ಕೆಂದು ತಲೆ ತಗ್ಗಿಸಿದವರು, ಓರೆಗಣ್ಣಲ್ಲಿ ನೋಡಿ ತಲೆ ಎತ್ತಿದರು.

"ಮೇಡಂ, ಏಳಿ! ಅದು ಸತ್ತೋರ ಕುರ್ಚಿ!" ಮೆಲ್ಲಗೇ ಹೇಳಿದರು. ಮೈಕು ಮಾತ್ರ ಅದನ್ನು ಇಡೀ ಸಭಾಂಗಣಕ್ಕೆ ಹೇಳಿತು.

"ಗೊತ್ತು ಸಾರ್. ಬಟ್ಟೆ ಹೊದಿಸಿದ್ದು ನಾನೇ."

"ಹಾಗಾದ್ರೆ ಏಳಿ!"

"ಕಾಲು ನೋಯ್ತಿದೆ, ಕೂತೇ ಹೇಳ್ತೀನಿ. ಅರವತ್ನಾಲ್ಕು ನಾನೇ."

ಸಾಹೇಬರು ವೇದಿಕೆಯಿಂದ ಇಳಿದು ಬಂದರು. "ತಮಾಷೆಗೆ ಇದು ಸಮಯಾನಾ? ನೀವು ಅರವತ್ನಾಲ್ಕು ಅನ್ನೋದಕ್ಕೆ ಪುರಾವೆ ಏನಿದೆ?"

ಅಕ್ಕ ಕರವಸ್ತ್ರ ಹುಡುಕಲು ಕೈಚೀಲಕ್ಕೆ ಕೈ ಹಾಕಿದಳು. ಕೊಡೆಯ ಪಕ್ಕ ಏನೋ ದಪ್ಪಗೆ ಸಿಕ್ಕಿತು. ಮೂರು ಲಕೋಟೆ, ರಬ್ಬರ್ ಬ್ಯಾಂಡ್ ಹಾಕಿದ್ದು. ಬೆಳಿಗ್ಗೆ ಅವಳು ತಲೆ ಬಾಚುತ್ತಿದ್ದಾಗ ಅಮ್ಮ ತುರುಕಿದ್ದಿರಬೇಕು. ಅವಳು ಒಂದು ಕ್ಷಣ ಅವನ್ನೇ ನೋಡಿ, ಸಾಹೇಬರ ಕೈಗಿಟ್ಟಳು.

"ಮೂರು ಪತ್ರಾನೂ ನಮ್ಮ ಮನೆಗೇ ಬಂದಿವೆ ಸಾರ್. ಸಹಿ ನಿಮ್ಮದೇ."

ಸಾಹೇಬರು ವಿಳಾಸ ನೋಡಿದರು, ಅವಳನ್ನು ನೋಡಿದರು, ಗೋಡೆಯ ಮೇಲೆ ಥಳಥಳಿಸುತ್ತಿದ್ದ ಫಲಕವನ್ನು ನೋಡಿದರು. "ಆದ್ರೆ ಮೇಡಂ... ದಿವಂಗತ ಅಂತ ಕೆತ್ತಾಗಿದೆಯಲ್ಲ!"

"ನಾಳೆ ತಿದ್ದುಪಡಿಗೆ ಬರೀತೀನಿ. ಸಾಯಿಸಿದ್ದು ನನ್ನ ಸೆಕ್ಷನ್ನು, ಬದುಕಿಸೋದೂ ನನ್ನ ಸೆಕ್ಷನ್ನೇ."

ಯಾರೋ ನಕ್ಕರು. ಯಾರೋ "ಸಾಲು, ಸಾಲು" ಎಂದರು. ಇಪ್ಪತ್ತೊಂಬತ್ತು ಕೋಲಿನ ಮೇಲೆ ಗದ್ದವಿಟ್ಟು ಇತ್ತಲೇ ತಿರುಗಿದ್ದರು. ಅಕ್ಕ ಸಾಲಿಗಾಗಿ ಹುಡುಕಿದಳು. ಆ ಹನ್ನೆರಡು ವಾಕ್ಯಗಳಲ್ಲಿ ಯಾಕೋ ಒಂದೂ ನೆನಪಾಗಲಿಲ್ಲ. ಮರದ ವ್ಯಾಪಾರಿ ಕೇಳಿದ್ದು ಹುದ್ದೆಯನ್ನಲ್ಲ ಎಂಬುದಷ್ಟೇ ನೆನಪಾಯಿತು.

"ಅರವತ್ನಾಲ್ಕು," ಎಂದಳು. "ನಿಮ್ಮ ಕಾರ್ಡುಗಳನ್ನ ಓದಿ ಅಂಟಿಸ್ತಾ ಇದೀನಿ."

ಚಪ್ಪಾಳೆ ಏಳಲಿಲ್ಲ. ಐವತ್ತೆರಡು ಮಂದಿ ತಾವು ಯಾರಿಗೂ ಹೇಳದೆ ಆ ಕಾರ್ಡುಗಳಲ್ಲಿ ಬರೆದದ್ದನ್ನು ನೆನಪಿಸಿಕೊಳ್ಳುತ್ತಿದ್ದರು. ಕೊನೆಗೆ ಎಪ್ಪತ್ತೆರಡು ತನ್ನ ಬೊಕ್ಕತಲೆ ಸವರಿಕೊಂಡು ಕೇಳಿದ, "ನಂದು ಈ ವರ್ಷ ತಡವಾಯ್ತು, ಸಿಕ್ತಾ ಅಕ್ಕ?"

"ಸಿಕ್ತು. ಆ ಎರಡನೇ ಮನೆ ಕಟ್ಟಿಸ್ಬೇಡಿ. ಒಂದಕ್ಕೇ ಅಷ್ಟು ಒದ್ದಾಡಿದ್ರಿ."

ನಗು ಈ ಸಲ ಸಭಾಂಗಣದ ತುಂಬ ಎದ್ದಿತು. ಅದರ ನಡುವೆ ಗಂಟೆಯಣ್ಣ ಬಗ್ಗಿ ಅವಳ ಕಿವಿಯಲ್ಲಿ ಉಸುರಿದ, "ಅಕ್ಕ, ಚಹಾ ಕಪ್ಪು ಹತ್ತು ಕಡಿಮೆ ಬಿದ್ದಿವೆ. ಏನ್ ಮಾಡ್ಲಿ?"

ಏಳಲು ಅವಳ ಕೈ ತಾನಾಗಿಯೇ ಕುರ್ಚಿಯ ಹಿಡಿಯ ಮೇಲೆ ಊರಿತು. ಆಮೇಲೆ ಸಡಿಲಿತು.

"ನೀನೇ ನೋಡ್ಕೊ ಅಣ್ಣ," ಎಂದಳು, ಕುರ್ಚಿಯಡಿ ಊದಿದ ಪಾದಗಳನ್ನು ಚಪ್ಪಲಿಯಿಂದ ಹೊರಗೆ ಜಾರಿಸುತ್ತ. "ಮೊದಲು ಅರವತ್ತೈದಕ್ಕೆ ಗಂಟೆ ಹೊಡಿ. ಡಾಕ್ಟರು ಎದ್ದು ನಿಂತು ಎಷ್ಟೊತ್ತಾಯ್ತು, ಪಾಪ. ಅವರಿಗೂ ಕಾಲಿದೆ."