ಬಾಗಿಲ ಕೆಳಗಿನ ಪದಬಂಧ

ಟಕ್, ಅಂಟಿತು, ಮತ್ತೆ ಟಕ್, ಕಂಪ್ಯೂಟರ್ ಗೇಮಿನ ಹಸಿರು ಕಾರಿನ ಮೈತುಂಬ ತಂಗಿಯ ಮಗಳು ಆಯಸ್ಕಾಂತ ಓಡಿಸುತ್ತಿದ್ದಾಳೆ, ಮಾವ ನೋಡು, ಗೇಮಿಗೆ ಏನೇನು ಹೊಸದು ಬಂದಿದೆ, ಇನ್ಮೇಲೆ ತುಕ್ಕು ನಾವೇ ಕೆರೀಬೇಕು, ವೆಲ್ಡಿಂಗಿಗೆ ಮುಂಚೆ ಸೀಟು ಬಿಚ್ಚಬೇಕು, ಬಿಚ್ಚದಿದ್ರೆ ಬೆಂಕಿ ಹತ್ತತ್ತೆ — ಮೂವತ್ತು ವರ್ಷ ಕಾರುಗಳ ಟಿಂಕರಿಂಗ್ ಮಾಡಿದವನಿಗೆ ಪಾಠ, ಅಜ್ಜಿಗೆ ಕೆಮ್ಮು ಕಲಿಸಿದ ಹಾಗೆ, ಎಂದು ಅವನು ನಗುವಷ್ಟರಲ್ಲಿ ಟಕ್ ಇಲ್ಲ, ಬಾಗಿಲ ಕೆಳಗೆ ಆಯಸ್ಕಾಂತ ಜಾರಿತು, ನೋಡಿದ್ಯಾ, ಒಳಗೆ ತಗಡೇ ಇಲ್ಲ, ಬರೀ ಪುಟ್ಟಿ ಮೆತ್ತಿದೆ, ಯಾರೋ ಮೋಸಗಾರ ತೂತು ಮುಚ್ಚಿ ಬಣ್ಣ ಬಳಿದಿದಾನೆ — ಕುಂಬಳಕಾಯಿ ಕಳ್ಳ ಅಂತ ಯಾರೂ ಅಂದಿಲ್ಲ, ಅವನ ಕೈ ಮಾತ್ರ ಹೆಗಲಿಗೆ ಹೋಗಿದೆ, ಎರಡು ವರ್ಷದ ಹಿಂದೆ ತಂಗಿಯ ಕಾರು, ಡ್ರೈವರ್ ಬಾಗಿಲ ಕೆಳಗೆ ಮುಷ್ಟಿ ಹೋಗುವಷ್ಟು ತೂತು, ತಗಡು ಬೆಸೆಯಬೇಕು, ಅದಕ್ಕೆ ಸೀಟು ಬಿಚ್ಚಬೇಕು, ಬೋಲ್ಟು ಜಪ್ಪಯ್ಯ ಅಂದರೂ ಅಲುಗದು, ಸೊಂಟ ನೋಯುತ್ತಿತ್ತು, ಬೇರೆಯವರ ಕಾರಾಗಿದ್ದರೆ ಹೇಗಾದರೂ ಬಿಚ್ಚುತ್ತಿದ್ದ, ಅವರು ಬಗ್ಗಿ ನೋಡುತ್ತಾರೆ, ತಂಗಿ ನೋಡುವುದಿಲ್ಲ, ಹಳೆ ಪೇಪರು ಮುದ್ದೆ ಮಾಡಿ ತುರುಕಿದ, ಅರ್ಧ ತುಂಬಿದ ಪದಬಂಧ ಇಣುಕುತ್ತಿತ್ತು, ಮೇಲೆ ಪುಟ್ಟಿ ಮೆತ್ತಿ ಉಜ್ಜಿದ, ಕನ್ನಡಿಯಂತೆ ಹೊಳೆಯಿತು, ನಮ್ಮಣ್ಣ ಮುಟ್ಟಿದ್ರೆ ಕಬ್ಬಿಣಕ್ಕೂ ಪ್ರಾಯ ಬರತ್ತೆ ಅಂತ ತಂಗಿ ಬೀದಿಗೆಲ್ಲ ಹೇಳಿಕೊಂಡು ಬಂದಳು, ನಾಳೆಯಿಂದ ಆ ಕಾರು ಅವಳ ಮಗಳದು, ಆ ಬಾಗಿಲ ಪಕ್ಕ ಕೂತು ಕೆಲಸಕ್ಕೆ ಹೋಗುವವಳು ಇವಳು, ಯಾರಾದರೂ ಪಕ್ಕದಿಂದ ಗುದ್ದಿದರೆ ತಡೆಯುವುದಕ್ಕೆ ಒಂದು ಪದಬಂಧ — ಇರು, ನಮ್ಮ ಕಾರಿಗೂ ಹಿಡಿದು ನೋಡ್ತೀನಿ, ಫ್ರಿಜ್ಜಿನ ಬಾಗಿಲಿಂದ ಕೆಂಪು ಆಮೆಯ ಆಯಸ್ಕಾಂತ ಕಿತ್ತುಕೊಂಡಳು, ಮಾವ ಮಾಡಿದ್ದು, ಒಂದು ಕಡೆನೂ ಬೀಳಲ್ಲ, ಬೆಟ್ ಕಟ್ತೀಯಾ ಅಮ್ಮ, ಅಡುಗೆಮನೆಯಿಂದ ತಂಗಿ, ನಮ್ಮಣ್ಣನ ಕೆಲಸಕ್ಕೆ ನೀನು ಮಾರ್ಕ್ಸ್ ಹಾಕ್ತೀಯೇನೇ, ಮೊದಲು ಹಾಸಿಗೆ ಮಡಚು ಹೋಗು — ಅವಳು ಆಗಲೇ ಅಂಗಳದಲ್ಲಿ, ಈಗ ಹೇಳಬೇಕು, ಬಾಯಿ ತೆರೆದ, ಬಿಸಿಲಿದೆ ಚಪ್ಪಲಿ ಹಾಕ್ಕೊಳ್ಳೇ, ಬಂದದ್ದು ಅಷ್ಟೇ, ಕಿಟಕಿಯಾಚೆ ಬಾನೆಟ್ಟು ಟಕ್, ಹಿಂದಿನ ಬಾಗಿಲು ಟಕ್, ಅವಳು ಮಂಡಿಯೂರಿದಳು, ಟಕ್ ಇಲ್ಲ, ಆಮೆ ಜಾರಿತು, ಎತ್ತಿಕೊಂಡು ತೋಳಿಗೆ ಒರೆಸಿದಳು, ಧೂಳು ಅಂದುಕೊಂಡಿದ್ದಾಳೆ, ಮತ್ತೆ ಇಟ್ಟಳು, ಜಾರಿತು, ಮಾವ, ಈ ಆಮೆ ಹಳೇದಾಗಿದೆ, ಇದಕ್ಕೆ ಶಕ್ತಿ ಇಲ್ಲ — ಆಮೆಗಲ್ಲ ಕಂದ, ಆಮೆಗಲ್ಲ, ಎಂದುಕೊಳ್ಳುತ್ತಾನೆ, ಅವಳು ಒರೆಸುತ್ತಾಳೆ, ಇಡುತ್ತಾಳೆ, ಆಮೆ ಜಾರುತ್ತದೆ, ಒರೆಸುತ್ತಾಳೆ, ಇಡುತ್ತಾಳೆ, ಆಮೆ ಜಾರುತ್ತದೆ